ಗೋಲು ಹೊಡೆಯಲಾರದ ನಿರಾಶ್ರಿತ

ನಮ್ಮ ಮಂಗಸೂಳಿ ಕಡೆಯ ಹಳ್ಳಿಗಳಲ್ಲಿ ಹೊಸಬನೊಬ್ಬ ಬಸ್ಸಿನಿಂದಿಳಿದು ಕಟ್ಟೆಯ ಮೇಲೆ ಕುಳಿತರೆ, ಕುಡಿಯಲು ನೀರು ಕೊಡುವ ಮೊದಲೋ ಕೊಟ್ಟ ಮೇಲೋ ಒಂದು ಪ್ರಶ್ನೆ ಬಂದೇ ಬರುತ್ತದೆ: "ಯಾವೂರ್ರೀ ನಿಮ್ದು?" ಅಥಣಿಯೆಂದರೆ ಅಲ್ಲಿ ನಮ್ಮ ಬೀಗರಿದ್ದಾರೆ, ರಾಯಬಾಗವೆಂದರೆ ಅಲ್ಲಿಗೆ ನಮ್ಮ ಅಕ್ಕನನ್ನು ಕೊಟ್ಟಿದ್ದೇವೆ, ಮೀರಜವೆಂದರೆ ಅಲ್ಲಿಯ ಆಸ್ಪತ್ರೆಯಲ್ಲಿ ನಮ್ಮ ತಂದೆಗೆ ಆಪರೇಷನ್ ಆಗಿತ್ತು. ಹೀಗೆ ಮಾತು ಬೆಳೆದು, ಬಂದವನು ಎದ್ದು ಹೋಗುವಷ್ಟರಲ್ಲಿ ಅವನಿಗೂ ನಮಗೂ ಏನಾದರೊಂದು ನಂಟು ಹುಟ್ಟಿರುತ್ತದೆ. ಕರ್ನಾಟಕ ಮಹಾರಾಷ್ಟ್ರಗಳ ಗಡಿಯಲ್ಲಿ ಬದುಕುವ ನಮಗೆ ಇದು ಸಹಜ. ಇಲ್ಲಿಯ ಖಂಡೋಬನ ದೇವಸ್ಥಾನಕ್ಕೆ ಕನ್ನಡದವರೂ ಬರುತ್ತಾರೆ, ಮರಾಠಿಯವರೂ ಬರುತ್ತಾರೆ. ಎಲ್ಲರಿಗೂ ಹೇಳಿಕೊಳ್ಳಲು ಒಂದು ಊರಿರುತ್ತದೆ.

ಆ ಪ್ರಶ್ನೆಗೆ ಉತ್ತರವಿಲ್ಲದ ಮನುಷ್ಯನೇ ನಿರಾಶ್ರಿತ. ಅವನಿಗೂ ಒಂದು ಊರಿತ್ತು. ಈಗ ಅಲ್ಲಿಗೆ ಹೋಗುವಂತಿಲ್ಲ. ವಿಶ್ವಸಂಸ್ಥೆಯ ನಿರಾಶ್ರಿತರ ಸಂಸ್ಥೆಯ ಲೆಕ್ಕದ ಪ್ರಕಾರ 2024ರ ಕೊನೆಗೆ ಯುದ್ಧ, ಹಿಂಸೆ, ಕಿರುಕುಳಗಳಿಂದಾಗಿ ಮನೆ ಬಿಟ್ಟವರು ಜಗತ್ತಿನಲ್ಲಿ 12 ಕೋಟಿಗೂ ಹೆಚ್ಚು. ಇಷ್ಟು ಜನರಲ್ಲಿ ಒಂದು ಬಗೆಯವರನ್ನು ಮಾತ್ರ ಯಾರೂ ಊರು ಕೇಳುವುದಿಲ್ಲ. ಅವರ ಹೆಸರು ಬರೆದ ಅಂಗಿಯನ್ನು ನಮ್ಮ ಮಕ್ಕಳೇ ಸಂತೆಯಲ್ಲಿ ಕೊಂಡು ಹಾಕಿಕೊಳ್ಳುತ್ತಾರೆ. ನಾನು ಹೇಳುತ್ತಿರುವುದು ಫುಟ್‌ಬಾಲ್ ಆಟಗಾರರ ವಿಷಯ.

ಅಲ್ಫೋನ್ಸೋ ಡೇವಿಸ್ ಎಂಬ ಹೆಸರನ್ನು ಆಟ ನೋಡುವ ಮಕ್ಕಳು ಬಲ್ಲರು. ಲೈಬೀರಿಯಾದ ಅಂತರ್ಯುದ್ಧದಿಂದ ಓಡಿ ಬಂದ ತಂದೆತಾಯಿಗೆ 2000ದಲ್ಲಿ ಘಾನಾ ದೇಶದ ಬುಡುಬುರಾಮ್ ನಿರಾಶ್ರಿತರ ಶಿಬಿರದಲ್ಲಿ ಹುಟ್ಟಿದವನು. ಐದು ವರ್ಷದವನಾಗಿದ್ದಾಗ ಕುಟುಂಬ ಕೆನಡಾ ಸೇರಿತು. ಮುಂದೆ ಅವನು ಜರ್ಮನಿಯ ಬಾಯರ್ನ್ ಮ್ಯೂನಿಕ್ ತಂಡದ ದೊಡ್ಡ ಆಟಗಾರನಾದ. ಕ್ರೊವೇಷಿಯಾದ ಲೂಕಾ ಮೊದ್ರಿಚ್ ಬಾಲ್ಯದ ಕೆಲವು ವರ್ಷಗಳನ್ನು ಯುದ್ಧದಿಂದ ಮನೆ ಕಳೆದುಕೊಂಡವರು ತಂಗಿದ್ದ ಹೋಟೆಲುಗಳಲ್ಲಿ ಕಳೆದವನು. 2018ರಲ್ಲಿ ಜಗತ್ತಿನ ಶ್ರೇಷ್ಠ ಆಟಗಾರನೆಂಬ ಚಿನ್ನದ ಚೆಂಡು ಅವನ ಕೈಗೆ ಬಂತು. ನಮ್ಮ ದೇಶದ ಮೈದಾನಗಳಿಗೆ ಬಂದವರೂ ಇದ್ದಾರೆ. ಮಸೀಹ್ ಸೈಘಾನಿ 1986ರಲ್ಲಿ ಕಾಬೂಲಿನಲ್ಲಿ ಹುಟ್ಟಿ ಜರ್ಮನಿಯಲ್ಲಿ ಬೆಳೆದವನು. ಅಲ್ಲಿಯ ಕೆಳಹಂತದ ಲೀಗುಗಳಲ್ಲಿ ವರ್ಷಗಟ್ಟಲೆ ಆಡಿ, 2017ರಲ್ಲಿ ಮಿಜೋರಾಮಿನ ಐಜೋಲ್ ತಂಡಕ್ಕೆ ಬಂದ. ಅಲ್ಲಿಂದ ಢಾಕಾದ ಅಬಹಾನಿ ತಂಡ, 2019ರಲ್ಲಿ ಚೆನ್ನೈಯಿನ್, ಮತ್ತೆ ಢಾಕಾ. ನಡುವೆ ಅಫ್ಘಾನಿಸ್ತಾನದ ರಾಷ್ಟ್ರೀಯ ತಂಡದ ಅಂಗಿಯನ್ನೂ ತೊಟ್ಟ.

ಇಂಥ ಬಾಳಿನ ಕಥೆಗಳನ್ನು ಪತ್ರಿಕೆಗಳು ಸಾಮಾನ್ಯವಾಗಿ "ಶಿಬಿರದಿಂದ ಶಿಖರಕ್ಕೆ" ಎಂಬ ಧಾಟಿಯಲ್ಲಿ ಬರೆಯುತ್ತವೆ. ಓದಿದವರಿಗೆ ಸಂತೋಷವಾಗುತ್ತದೆ, ಮಕ್ಕಳಿಗೂ ಓದಿ ಹೇಳುತ್ತೇವೆ. ಪ್ರಿಯ ಓದುಗರೇ, ಆ ಸಂತೋಷದ ಒಳಗೆ ಅವಿತಿರುವ ಒಂದು ಪ್ರಶ್ನೆಯನ್ನು ಇಂದು ಸ್ವಲ್ಪ ಹೊರಗೆಳೆದು ನೋಡೋಣ. ನಾವು ಸ್ವಾಗತಿಸಿದ್ದು ಯಾರನ್ನು? ಮನೆ ಕಳೆದುಕೊಂಡ ಮನುಷ್ಯನನ್ನೋ, ಅವನ ಎಡಗಾಲನ್ನೋ?

ಇದನ್ನು ತಿಳಿಯಲು ಹಳೆಯ ಉದಾಹರಣೆಯೊಂದು ನೆರವಾಗುತ್ತದೆ. 1956ರ ನವೆಂಬರ್ 1ರಂದು ಬೆಳಗಾವಿ ಜಿಲ್ಲೆ ಮುಂಬಯಿ ರಾಜ್ಯದಿಂದ ಮೈಸೂರು ರಾಜ್ಯಕ್ಕೆ ಸೇರಿತು. ನಮ್ಮ ಹಿರಿಯರು ಮನೆಯ ಹೊಸ್ತಿಲು ದಾಟದೆಯೇ ಬೇರೊಂದು ರಾಜ್ಯದವರಾದರು. ಅದೇ ವಾರ, ನವೆಂಬರ್ 4ರಂದು, ಹಂಗೇರಿಯ ಜನರ ದಂಗೆಯನ್ನು ಅಡಗಿಸಲು ಸೋವಿಯತ್ ಟ್ಯಾಂಕುಗಳು ಬುಡಾಪೆಸ್ಟ್ ನಗರಕ್ಕೆ ನುಗ್ಗಿದವು. ಸುಮಾರು ಎರಡು ಲಕ್ಷ ಹಂಗೇರಿಯನ್ನರು ಗಡಿ ದಾಟಿ ಓಡಿದರು. ಆಗ ಜಗತ್ತಿನ ಅತಿ ದೊಡ್ಡ ಆಟಗಾರರಲ್ಲಿ ಒಬ್ಬನಾಗಿದ್ದ ಫೆರೆಂಕ್ ಪುಷ್ಕಾಶ್ ತನ್ನ ಹೊನ್ವೇದ್ ತಂಡದೊಡನೆ ಹೊರದೇಶದಲ್ಲಿದ್ದ. ಸ್ಪೇನಿನ ಬಿಲ್ಬಾವೋ ತಂಡದ ಮೇಲೆ ಪಂದ್ಯವಿತ್ತು. ಅವನು ಮರಳಿ ಹೋಗಲಿಲ್ಲ. ಹೆಂಡತಿ ಮಗಳು ಗಡಿ ದಾಟಿ ಆಸ್ಟ್ರಿಯಾ ಸೇರಿಕೊಂಡರು.

ಆಗೇನಾಯಿತು? ಹಂಗೇರಿಯ ಅಧಿಕಾರಿಗಳ ಬೇಡಿಕೆಯಂತೆ ಅವನ ಮೇಲೆ ನಿಷೇಧ ಬಿತ್ತು. ಎರಡು ವರ್ಷದ ಹತ್ತಿರ ಅವನು ಎಲ್ಲಿಯೂ ಪಂದ್ಯ ಆಡುವಂತಿರಲಿಲ್ಲ. ಮೂವತ್ತು ದಾಟಿತು, ಮೈ ಬಂತು, ಇವನ ಕಾಲ ಮುಗಿಯಿತೆಂದರು. ಪುಷ್ಕಾಶ್ ಬದುಕಿನಲ್ಲಿ ನನ್ನನ್ನು ಹೆಚ್ಚು ತಡೆದು ನಿಲ್ಲಿಸುವುದು ಈ ಎರಡು ವರ್ಷಗಳೇ. ಆಟವಿಲ್ಲದೆ, ದೇಶವಿಲ್ಲದೆ, ಹೊಟ್ಟೆ ಬೆಳೆಸಿಕೊಂಡು ಕುಳಿತ ನಿರಾಶ್ರಿತನಾಗಿ ಅವನು ಯಾರಿಗೆ ಬೇಕಾಗಿದ್ದ? 1958ರಲ್ಲಿ ಸ್ಪೇನಿನ ರಿಯಲ್ ಮ್ಯಾಡ್ರಿಡ್ ಕರೆಯಿತು. 1960ರಲ್ಲಿ ಗ್ಲಾಸ್ಗೋದಲ್ಲಿ ನಡೆದ ಯುರೋಪಿಯನ್ ಕಪ್ ಫೈನಲ್ಲಿನಲ್ಲಿ ಆ ತಂಡ 7-3ರಿಂದ ಗೆದ್ದಾಗ ಅವನೊಬ್ಬನೇ ನಾಲ್ಕು ಗೋಲು ಹೊಡೆದಿದ್ದ. ಆಮೇಲೆ ಅವನು ಯಾವೂರಿನವನೆಂದು ಕೇಳಿದವರಿಲ್ಲ. 1962ರ ವಿಶ್ವಕಪ್ಪಿನಲ್ಲಿ ಸ್ಪೇನಿನ ಪರವಾಗಿಯೇ ಆಡಿದ. ಮುಂದೆ ತರಬೇತುದಾರನಾಗಿ ಗ್ರೀಸ್, ಸೌದಿ ಅರೇಬಿಯಾ, ಈಜಿಪ್ಟ್, ಆಸ್ಟ್ರೇಲಿಯಾ ಎಂದು ಊರೂರು ತಿರುಗಿದ. ತಾಯ್ನಾಡಿಗೆ ಮತ್ತೆ ಕಾಲಿಟ್ಟದ್ದು 1981ರಲ್ಲಿ, ಇಪ್ಪತ್ತೈದು ವರ್ಷಗಳ ಮೇಲೆ. 2006ರಲ್ಲಿ ತೀರಿಕೊಂಡಾಗ ಬುಡಾಪೆಸ್ಟಿನ ಸಂತ ಸ್ತೇಫಾನರ ಮಹಾದೇವಾಲಯದಲ್ಲಿ ಅವನನ್ನು ಸಮಾಧಿ ಮಾಡಿದರು.

ಅವನ ಜೊತೆಗೆ ಅದೇ ಚಳಿಯಲ್ಲಿ ದೇಶ ಬಿಟ್ಟ ಎರಡು ಲಕ್ಷ ಜನರಲ್ಲಿ ಬಡಗಿಗಳಿದ್ದರು, ಹೊಲಿಗೆಯವರಿದ್ದರು, ಮುದುಕಿಯರಿದ್ದರು. ಅವರನ್ನೂ ಬೇರೆಬೇರೆ ದೇಶಗಳು ಸೇರಿಸಿಕೊಂಡವು, ಅದನ್ನು ಮರೆಯಬಾರದು. ಆದರೆ ಅವರು ಹೊಸ ನಾಡಿನ ಋಣ ತೀರಿಸಲು ನಾಲ್ಕು ಗೋಲು ಹೊಡೆಯಲಿಲ್ಲ. ಹೊಡೆಯಬೇಕಾಗಿಯೂ ಇರಲಿಲ್ಲ.

ಇತ್ತೀಚಿನ ಇನ್ನೊಂದು ಸಂಗತಿ ಇದಕ್ಕಿಂತ ಕಟುವಾದದ್ದು. ಹಕೀಮ್ ಅಲ್ ಅರೈಬಿ ಬಹರೇನ್ ದೇಶದ ಆಟಗಾರ. 2012ರಲ್ಲಿ ಪೊಲೀಸ್ ಠಾಣೆಯೊಂದರ ಮೇಲೆ ನಡೆದ ದಾಳಿಯಲ್ಲಿ ಪಾಲ್ಗೊಂಡನೆಂದು ಅವನ ಮೇಲೆ ಆರೋಪ ಹೊರಿಸಿದರು. ಆ ಹೊತ್ತಿನಲ್ಲಿ ತಾನು ಪಂದ್ಯವಾಡುತ್ತಿದ್ದೆ, ಅದು ಟಿ.ವಿ.ಯಲ್ಲೂ ಬರುತ್ತಿತ್ತು ಎಂದು ಅವನು ಹೇಳಿದರೂ, ಅವನಿಲ್ಲದಾಗಲೇ ಹತ್ತು ವರ್ಷದ ಶಿಕ್ಷೆಯಾಯಿತು. ಓಡಿ ಹೋಗಿ ಆಸ್ಟ್ರೇಲಿಯಾ ಸೇರಿದ. 2017ರಲ್ಲಿ ಆ ದೇಶ ಅವನನ್ನು ನಿರಾಶ್ರಿತನೆಂದು ಒಪ್ಪಿಕೊಂಡಿತು. ಮೆಲ್ಬೋರ್ನಿನ ಪಾಸ್ಕೋ ವೇಲ್ ಎಂಬ ಸಣ್ಣ ಕ್ಲಬ್ಬಿನಲ್ಲಿ ಆಡುತ್ತ, ಮದುವೆಯಾಗಿ, 2018ರ ನವೆಂಬರ್ 27ರಂದು ಹೆಂಡತಿಯೊಡನೆ ಪ್ರವಾಸಕ್ಕೆಂದು ಬ್ಯಾಂಕಾಕಿನಲ್ಲಿ ಇಳಿದ. ವಿಮಾನ ನಿಲ್ದಾಣದಲ್ಲೇ ಅವನನ್ನು ಹಿಡಿದರು. 2019ರ ಫೆಬ್ರವರಿಯಲ್ಲಿ ಅವನನ್ನು ನ್ಯಾಯಾಲಯಕ್ಕೆ ತಂದಾಗ ಆ ಆಟಗಾರನ ಕಾಲುಗಳಿಗೆ ಸಂಕೋಲೆ ಹಾಕಿದ್ದರು. ಆ ಚಿತ್ರ ಜಗತ್ತಿನ ಪತ್ರಿಕೆಗಳಲ್ಲೆಲ್ಲ ಬಂತು.

ಅವನನ್ನು ಬಿಡಿಸಲು ಆಸ್ಟ್ರೇಲಿಯಾ ತಂಡದ ಮಾಜಿ ನಾಯಕ ಕ್ರೇಗ್ ಫಾಸ್ಟರ್ ಊಟ ನಿದ್ದೆ ಬಿಟ್ಟು ಓಡಾಡಿದ. ಆಟಗಾರರ ಸಂಘಗಳು ಎದ್ದು ನಿಂತವು. ಎರಡೂವರೆ ತಿಂಗಳ ಮೇಲೆ, ಫೆಬ್ರವರಿ 11ರಂದು, ಹಕೀಮನ ಬಿಡುಗಡೆಯಾಯಿತು. ಮರುತಿಂಗಳೇ ಅವನು ಆಸ್ಟ್ರೇಲಿಯಾದ ಪೌರನಾದ. ಇದು ನಿಜವಾಗಿಯೂ ಮನ ತುಂಬುವ ಸಂಗತಿ. ಹಕೀಮ್ ಡೇವಿಸನಂಥ ತಾರೆಯೂ ಆಗಿರಲಿಲ್ಲ, ಸಣ್ಣ ಕ್ಲಬ್ಬಿನವನು. ಅಷ್ಟಾದರೂ ಅವನ ಹೆಸರಿನ ಹಿಂದೆ "ಆಟಗಾರ" ಎಂಬ ಒಂದು ಪದವಿತ್ತು. ಆ ಪದ ಇಲ್ಲದೆ ಇಟ್ಟಿಗೆ ಹೊರುವವನಾಗಿದ್ದರೆ ಯಾವ ಸಂಘ ಎದ್ದು ನಿಲ್ಲುತ್ತಿತ್ತು? ಕ್ರೇಗ್ ಫಾಸ್ಟರ್‌ಗೇ ಈ ಪ್ರಶ್ನೆ ಚುಚ್ಚಿರಬೇಕು. ಅಲ್ಲಿಗೇ ಕೈ ತೊಳೆದುಕೊಳ್ಳದೆ, ಪಪುವಾ ನ್ಯೂಗಿನಿ ಮತ್ತು ನವುರು ದ್ವೀಪಗಳಲ್ಲಿ ವರ್ಷಗಟ್ಟಲೆ ಕೊಳೆಯುತ್ತಿದ್ದ ನಿರಾಶ್ರಿತರ ಪರವಾಗಿಯೂ ಆತ ದನಿಯೆತ್ತಿದ. ಅವರಲ್ಲಿ ಹೆಚ್ಚಿನವರು ಯಾವ ಆಟದವರೂ ಅಲ್ಲ.

ಆ ಪದವೇ ಇದ್ದೂ ಕೈಹಿಡಿಯದ ಸಂದರ್ಭವೂ ಉಂಟು. 2021ರ ಆಗಸ್ಟ್ 16ರಂದು ಕಾಬೂಲ್ ವಿಮಾನ ನಿಲ್ದಾಣದಿಂದ ಏರಿದ ಅಮೆರಿಕದ ವಿಮಾನಕ್ಕೆ ಜೋತುಬಿದ್ದು ಕೆಳಗುರುಳಿ ಸತ್ತವರಲ್ಲಿ ಒಬ್ಬ ಹುಡುಗ ಅಫ್ಘಾನಿಸ್ತಾನದ ಕಿರಿಯರ ತಂಡದಲ್ಲಿ ಆಡಿದವನಾಗಿದ್ದ. ಅದೇ ದಿನಗಳಲ್ಲಿ ಆ ದೇಶದ ಮಹಿಳಾ ತಂಡದ ಆಟಗಾರ್ತಿಯರನ್ನು ವಿಮಾನ ಹತ್ತಿಸಿ ಆಸ್ಟ್ರೇಲಿಯಾಕ್ಕೆ ಕರೆದೊಯ್ದು ಉಳಿಸಿದರು. ಅವರ ಪಕ್ಕದ ಮನೆಯ ಹೆಣ್ಣುಮಕ್ಕಳು ಅಲ್ಲಿಯೇ ಉಳಿದರು.

"ಇದರಲ್ಲಿ ತಪ್ಪೇನು?" ಎಂದು ಕೆಲವರು ಕೇಳಬಹುದು. ಪ್ರತಿಭೆ ದೇವರು ಕೊಟ್ಟ ವರ. ಅದನ್ನು ಮಣ್ಣಿನಲ್ಲಿ ಹೂತಿಟ್ಟ ಸೇವಕನನ್ನು ಯಜಮಾನ ಗದರಿಸಿದ ಸಾಮತಿ ನಮಗೆಲ್ಲ ಗೊತ್ತು. ಆಟ ಬಲ್ಲವನಿಗೆ ಬಾಗಿಲು ತೆರೆದರೆ ಯಾರಿಗೂ ನಷ್ಟವಿಲ್ಲ. ಅವನ ಹೆಸರಿನಿಂದ ಉಳಿದ ನಿರಾಶ್ರಿತರ ಮೇಲೆಯೂ ಜನರಿಗೆ ಕನಿಕರ ಹುಟ್ಟುತ್ತದೆ. ಡೇವಿಸ್ 2021ರಲ್ಲಿ ವಿಶ್ವಸಂಸ್ಥೆಯ ನಿರಾಶ್ರಿತರ ಸಂಸ್ಥೆಗೆ ರಾಯಭಾರಿಯಾದದ್ದು ಇದಕ್ಕೆ ಸಾಕ್ಷಿ. ಈ ಮಾತನ್ನು ನಾನು ಒಪ್ಪುತ್ತೇನೆ. ಹೆಸರುಳ್ಳವನೊಬ್ಬ ಬಾಗಿಲು ತಟ್ಟಿದಾಗ ಹೆಸರಿಲ್ಲದ ನಾಲ್ವರಿಗೆ ಅದು ತೆರೆದುಕೊಂಡರೆ ಒಳ್ಳೆಯದೇ ಆಯಿತು.

ಆದರೆ ಕ್ಲಬ್ಬಿನ ಕರಾರು ಬೇರೆ, ಆಶ್ರಯ ಬೇರೆ. ಕರಾರಿಗೆ ಕೊನೆಯ ತಾರೀಖು ಇರುತ್ತದೆ. ಮೊಣಕಾಲು ಉಳುಕಿದರೆ ಅದು ಮುಗಿಯುತ್ತದೆ. ಮೇಲೆ ಹೇಳಿದ ಆ ಕಾಬೂಲಿನ ಆಟಗಾರನ ದಾರಿಯನ್ನೇ ನೋಡಿ: ಜರ್ಮನಿ, ಐಜೋಲ್, ಢಾಕಾ, ಚೆನ್ನೈ, ಮತ್ತೆ ಢಾಕಾ. ಹೊರಗಿನಿಂದ ಇದು ಜಗತ್ತು ಸುತ್ತಿದ ಬಾಳು. ಒಳಗಿನಿಂದ ನೋಡಿದರೆ ಪ್ರತಿ ವರ್ಷವೂ ಹೊಸ ಕರಾರು, ಹೊಸ ವೀಸಾ, ಹೊಸ ಬಾಡಿಗೆ ಮನೆ. ಏಷ್ಯಾದ ಕ್ಲಬ್ಬುಗಳ ಸ್ಪರ್ಧೆಗಳಲ್ಲಿ ಬಹುಕಾಲ ಒಂದು ನಿಯಮವಿತ್ತು. ತಂಡದಲ್ಲಿ ಮೂವರು ಹೊರದೇಶದವರು ಇರಬಹುದು, ಜೊತೆಗೆ ಏಷ್ಯಾದ್ದೇ ಬೇರೊಂದು ದೇಶದವನು ಒಬ್ಬ. ಯುರೋಪಿನಲ್ಲಿ ಬೆಳೆದ ಅಫ್ಘಾನಿಗಳಿಗೆ ಕೈಬಿಟ್ಟುಹೋದ ತಾಯ್ನಾಡಿನ ಹೆಸರೇ ಇಂಥ ಕಡೆ ಒಂದು ಅರ್ಹತೆಯಾಗಿ ಉಪಯೋಗಕ್ಕೆ ಬರುತ್ತಿತ್ತು. ಊರು ಹೋಯಿತು, ಊರಿನ ಹೆಸರಿಗೆ ಬೆಲೆ ಬಂತು. ಕ್ಲಬ್ಬುಗಳನ್ನು ನಾನು ದೂರುತ್ತಿಲ್ಲ, ಅವು ತಂಡ ಕಟ್ಟಲು ಇರುವಂಥವು. ಅವುಗಳ ಲೆಕ್ಕಾಚಾರವನ್ನು ನಾವು ಮನುಷ್ಯರ ಲೆಕ್ಕಾಚಾರವೆಂದು ತಿಳಿದಾಗಲೇ ತೊಡಕು. "ಇಂಥವರು ಬಂದರೆ ಬರಲಿ, ದೇಶಕ್ಕೆ ಹೆಸರು ತರುತ್ತಾರೆ" ಎಂದು ನಾವು ಟಿ.ವಿ. ಮುಂದೆ ಕುಳಿತು ಹೇಳಿದ ಮಾತನ್ನು ಮಕ್ಕಳು ಕೇಳುತ್ತಾರೆ. ಏನೂ ತರದವರು ಬರಬಾರದು ಎಂಬ ಉಳಿದರ್ಧವನ್ನು ಅವರು ತಾವೇ ತುಂಬಿಕೊಳ್ಳುತ್ತಾರೆ.

ಏನೂ ತರದವರು ನಮ್ಮ ನೆರೆಗೇ ಬಂದದ್ದುಂಟು. ಕೊಲ್ಹಾಪುರದ ಹತ್ತಿರದ ಗಾಂಧಿನಗರಕ್ಕೆ ನಿಪ್ಪಾಣಿ, ಚಿಕ್ಕೋಡಿ, ಕಾಗವಾಡದ ಕಡೆಯವರು ಮದುವೆಯ ಜವಳಿಗೆಂದು ಹೋಗುವುದು ವಾಡಿಕೆ. ಆ ಜಾಗದ ಹಳೆಯ ಹೆಸರು ವಳಿವಡೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ, 1943ರಿಂದ 1948ರವರೆಗೆ, ಅಲ್ಲಿ ಪೋಲೆಂಡಿನ ಸುಮಾರು ಐದು ಸಾವಿರ ನಿರಾಶ್ರಿತರು ಇದ್ದರು. ಹೆಚ್ಚಿನವರು ಹೆಂಗಸರು, ಮಕ್ಕಳು, ಮುದುಕರು. ಸೋವಿಯತ್ ಸರಕಾರ ಅವರನ್ನು ಮನೆಗಳಿಂದ ಎಬ್ಬಿಸಿ ಸೈಬೀರಿಯಾ, ಕಜಕಸ್ತಾನಗಳಿಗೆ ಅಟ್ಟಿತ್ತು. ಬದುಕುಳಿದವರು ಇರಾನಿನ ಮೂಲಕ ಇಲ್ಲಿಗೆ ಬಂದರು. ಅವರಲ್ಲಿ ಬಹುಪಾಲು ನಮ್ಮಂತೆಯೇ ಕಥೋಲಿಕರು. ಶಿಬಿರದಲ್ಲಿ ಶಾಲೆಗಳಿದ್ದವು, ದೇವಾಲಯವಿತ್ತು. ಖರ್ಚನ್ನು ಲಂಡನ್ನಿನಲ್ಲಿದ್ದ ಪೋಲೆಂಡಿನ ಸರಕಾರವೇ ಭರಿಸುತ್ತಿತ್ತು, ನೆಲ ಮಾತ್ರ ಕೊಲ್ಹಾಪುರ ಸಂಸ್ಥಾನದ್ದು. ಸೈಬೀರಿಯಾದ ಹಿಮ ಕಂಡುಬಂದ ಆ ಮಕ್ಕಳು ಪಂಚಗಂಗೆಯ ಬಯಲಿನ ಬಿಸಿಲಿನಲ್ಲಿ ಐದು ವರ್ಷ ಬೆಳೆದರು. ಆಮೇಲೆ ಇಂಗ್ಲೆಂಡ್, ಆಸ್ಟ್ರೇಲಿಯಾ ಮುಂತಾದ ದೇಶಗಳಿಗೆ ಚದುರಿಹೋದರು. ಕೊಲ್ಹಾಪುರದ ಸ್ಮಶಾನದಲ್ಲಿ ಅವರ ಕೆಲವರ ಸಮಾಧಿಗಳು ಉಳಿದಿವೆ. ಅವರು ಬಿಟ್ಟುಹೋದ ವಳಿವಡೆಗೆ ದೇಶವಿಭಜನೆಯಿಂದ ಮನೆ ಕಳೆದುಕೊಂಡ ಸಿಂಧಿಗಳು ಬಂದು ನೆಲೆಸಿದರು. ಅದೇ ಈಗಿನ ಜವಳಿ ಪೇಟೆ.

ಆ ಪೋಲಿಷ್ ಅಜ್ಜಿಯರಿಂದ ಕೊಲ್ಹಾಪುರಕ್ಕೆ ಏನು ಲಾಭವಾಯಿತು? ಈ ಪ್ರಶ್ನೆಯೇ ನಮಗೆ ಒರಟಾಗಿ ಕೇಳಿಸುತ್ತದೆ. ಹಾಗೆ ಕೇಳಿಸುವುದು ಒಳ್ಳೆಯ ಲಕ್ಷಣ.

ಇನ್ನೂ ಹತ್ತಿರದ ಉದಾಹರಣೆ ನಮ್ಮ ರಾಜ್ಯದ್ದೇ. ಚಳಿಗಾಲದಲ್ಲಿ ಪೇಟೆಯ ರಸ್ತೆ ಬದಿಯಲ್ಲಿ ಸ್ವೆಟರ್ ಮಾರುವ ಟಿಬೇಟಿನವರನ್ನು ಕಾಣದವರು ಯಾರು? ನಾವು ಬೆಲೆ ಚೌಕಾಸಿ ಮಾಡುತ್ತೇವೆ, ಐವತ್ತು ಇಳಿಸಿಕೊಳ್ಳುತ್ತೇವೆ, ಮುಂದೆ ಹೋಗುತ್ತೇವೆ. "ಯಾವೂರು?" ಎಂದು ಕೇಳಿದರೆ ಕೆಲವರು "ಮುಂಡಗೋಡ" ಎನ್ನುತ್ತಾರೆ, ಅದೂ ಕನ್ನಡದಲ್ಲೇ. 1959ರಲ್ಲಿ ದಲಾಯಿ ಲಾಮಾ ಅವರು ಭಾರತಕ್ಕೆ ಬಂದ ಮೇಲೆ ಅವರ ಹಿಂದೆ ಬಂದ ಸಾವಿರಾರು ಜನರಿಗೆ ನೆಲ ಕೊಡಲು ಮುಂದೆ ಬಂದವರಲ್ಲಿ ಆಗಿನ ಮೈಸೂರು ರಾಜ್ಯದ ಮುಖ್ಯಮಂತ್ರಿ ಎಸ್. ನಿಜಲಿಂಗಪ್ಪನವರ ಹೆಸರು ದೊಡ್ಡದು. ಬೈಲಕುಪ್ಪೆಯಲ್ಲಿ ಮೊದಲು, 1966ರಲ್ಲಿ ಉತ್ತರ ಕನ್ನಡದ ಮುಂಡಗೋಡದಲ್ಲಿ, ಹಾಗೆಯೇ ಹುಣಸೂರು, ಕೊಳ್ಳೇಗಾಲಗಳ ಕಡೆಯಲ್ಲಿ ಅವರ ನೆಲೆಗಳಾದವು. ಹಿಮದ ನಾಡಿನವರು ಕಾಡು ಕಡಿದು, ಗೋವಿನಜೋಳ ಬಿತ್ತಿ, ನಮ್ಮ ಸೆಕೆಯನ್ನು ಸಹಿಸಿ ಬದುಕಿದರು.

ಅವರಿಗೂ ಫುಟ್‌ಬಾಲ್ ಎಂದರೆ ಪ್ರಾಣ. ದಲಾಯಿ ಲಾಮಾ ಅವರ ತಾಯಿಯ ನೆನಪಿಗೆ ನಡೆಯುವ ಪಂದ್ಯಾವಳಿಯಲ್ಲಿ ಮುಂಡಗೋಡ, ಬೈಲಕುಪ್ಪೆಯಂಥ ನೆಲೆಗಳ ತಂಡಗಳು ಪರಸ್ಪರ ಸೆಣಸುತ್ತವೆ. 2001ರಲ್ಲಿ ಒಂದು ವಿಶೇಷ ನಡೆಯಿತು. ಡೆನ್ಮಾರ್ಕಿನ ಕೆಲವು ಗೆಳೆಯರ ನೆರವಿನಿಂದ ಟಿಬೇಟಿನ ಹೆಸರಿನಲ್ಲಿ ಒಂದು ರಾಷ್ಟ್ರೀಯ ತಂಡ ಕಟ್ಟಿ, ನಿರಾಶ್ರಿತ ಹುಡುಗರನ್ನು ಆರಿಸಿ, ಕೋಪನ್‌ಹೇಗನ್ ನಗರಕ್ಕೆ ಕರೆದೊಯ್ದರು. ಎದುರಾಳಿ ಗ್ರೀನ್‌ಲ್ಯಾಂಡ್. ಎರಡೂ ತಂಡಗಳಿಗೆ ಫಿಫಾ ಸಂಸ್ಥೆಯ ಸದಸ್ಯತ್ವವಿರಲಿಲ್ಲ, ಎಂದರೆ ಆ ಪಂದ್ಯಕ್ಕೆ ಅಂಕವಿಲ್ಲ, ಪಟ್ಟಿಯಲ್ಲಿ ಸ್ಥಾನವಿಲ್ಲ. ಚೀನಾ ಈ ಪಂದ್ಯವನ್ನು ವಿರೋಧಿಸಿತು. ಪಾಸ್‌ಪೋರ್ಟ್ ಇಲ್ಲದ ಹುಡುಗರಿಗೆ ಪ್ರಯಾಣದ ಕಾಗದಪತ್ರ ಹೊಂದಿಸುವುದೇ ಹರಸಾಹಸ. ಇಷ್ಟೆಲ್ಲ ಆಗಿ ಜೂನ್ 30ರಂದು ಆಟ ನಡೆಯಿತು. ಟಿಬೇಟಿನ ತಂಡ 4-1ರಿಂದ ಸೋತಿತು.

ನನಗೆ ಈ ಸೋಲು ಪುಷ್ಕಾಶ್‌ನ ನಾಲ್ಕು ಗೋಲುಗಳಿಗಿಂತ ಹೆಚ್ಚು ವಿಚಾರಕ್ಕೆ ಹಚ್ಚುತ್ತದೆ. ಅಲ್ಲಿ ಆಡಿದವರನ್ನು ಯಾವ ದೊಡ್ಡ ಕ್ಲಬ್ಬೂ ಕೊಳ್ಳಲು ಕಾದಿರಲಿಲ್ಲ. ಯಾರಿಗೂ ಅವರು ಏನನ್ನೂ ಗೆದ್ದು ಕೊಡಬೇಕಾಗಿರಲಿಲ್ಲ. ನಮ್ಮ ನಿಮ್ಮ ಮಕ್ಕಳು ಪಕ್ಕದ ಹಳ್ಳಿಯ ತಂಡದ ಮೇಲೆ ಸೋತು ಬಂದಂತೆ ಅವರೂ ಸೋತರು. ಸೋತ ಮೇಲೆ ಕೆಲವರು ಮರಳಿದ್ದು ಗದ್ದೆಗೆ, ಅಂಗಡಿಗೆ, ಸ್ವೆಟರಿನ ಗಂಟಿಗೆ. ನಿರಾಶ್ರಿತನೊಬ್ಬ ಸಾಧಾರಣ ಆಟಗಾರನಾಗಿ ಸೋತು, ಅದರಿಂದ ಅವನ ಉಳಿವಿಗೆ ಧಕ್ಕೆಯಾಗದೆ ಮನೆಗೆ ಬರಬಹುದಾದರೆ, ಅವನಿಗೆ ನಿಜವಾಗಿಯೂ ಒಂದು ಮನೆಯಿದೆ ಎಂದರ್ಥ. ಮೊದಲ ದಿನದಿಂದಲೇ ಅದ್ಭುತನಾಗಿರಬೇಕೆಂಬ ಶರತ್ತು ಹಾಕಿದ ಮನೆ ಛತ್ರವೇ ಹೊರತು ಮನೆಯಲ್ಲ. ಅನ್ನ, ಹೊದಿಕೆ ಕೊಟ್ಟ ಮೇಲೆ ಬೇರೇನು ಬೇಕು ಅವರಿಗೆ ಎನ್ನುವವರಿಗೂ ಇದೇ ಉತ್ತರ. ಬೇಕಾದದ್ದು ಆಟ. ದಾನ ತೆಗೆದುಕೊಳ್ಳುವಾಗ ಕೈ ಕೆಳಗಿರುತ್ತದೆ, ಚೆಂಡಿನ ಹಿಂದೆ ಓಡುವಾಗ ಇಬ್ಬರೂ ಸಮಾನರು.

ಹಾಗೆಂದು ನಮ್ಮ ನಾಡಿನ ಸ್ವಾಗತ ಪೂರ್ತಿಯಾಯಿತೆಂದು ಬೆನ್ನು ತಟ್ಟಿಕೊಳ್ಳುವಂತಿಲ್ಲ. 1951ರ ನಿರಾಶ್ರಿತರ ಒಪ್ಪಂದಕ್ಕೆ ಥಾಯ್ಲೆಂಡಿನಂತೆ ಭಾರತವೂ ಸಹಿ ಹಾಕಿಲ್ಲ. ನೆಲ ಕೊಟ್ಟ ನಾವು ಅವರಿಗೆ ಕೊಟ್ಟದ್ದು ಆಗಾಗ ನವೀಕರಿಸಬೇಕಾದ ನೋಂದಣಿ ಪತ್ರ. ಕಾನೂನಿನಂತೆ 1950ರ ಜನವರಿ 26ರಿಂದ 1987ರ ಜುಲೈ 1ರ ಒಳಗೆ ಭಾರತದಲ್ಲಿ ಹುಟ್ಟಿದವರು ಹುಟ್ಟಿನಿಂದಲೇ ಭಾರತೀಯರು. ಟಿಬೇಟಿನವರಿಗೂ ಇದು ಅನ್ವಯಿಸುತ್ತದೆಂದು ಒಪ್ಪಿಸಲು ಅವರು ನ್ಯಾಯಾಲಯಗಳ ಮೆಟ್ಟಿಲು ಹತ್ತಬೇಕಾಯಿತು. 2010ರಲ್ಲಿ ದೆಹಲಿ ಹೈಕೋರ್ಟ್, 2013ರಲ್ಲಿ ನಮ್ಮ ಕರ್ನಾಟಕ ಹೈಕೋರ್ಟ್ ಅವರ ಪರವಾಗಿ ತೀರ್ಪು ಕೊಟ್ಟವು. ಕೆಲವರು ಪೌರತ್ವ ತೆಗೆದುಕೊಂಡರೆ ಟಿಬೇಟನ್ನು ಮರೆತಂತಾದೀತೆಂದು ಅಂಜುತ್ತಾರೆ. ಅವರ ಸಂಕಟವನ್ನು ನಾವು ಹಗುರಾಗಿ ಕಾಣಬಾರದು. ಮುಂಡಗೋಡದಲ್ಲಿ ಹುಟ್ಟಿ, ಹುಬ್ಬಳ್ಳಿಯಲ್ಲಿ ಓದಿ, ಕನ್ನಡ ಮಾತಾಡುವ ಹುಡುಗನ ಎದೆಯ ಮೇಲೆ ಟಿಬೇಟಿನ ಸಿಂಹಗಳ ಬಾವುಟವಿದ್ದರೆ ಅವನು ಯಾವೂರಿನವನು? ಎರಡೂ ಊರಿನವನು ಎಂದು ನಾವೇಕೆ ಒಪ್ಪಬಾರದು? ಮನೆಯಲ್ಲಿ ಮರಾಠಿ, ಶಾಲೆಯಲ್ಲಿ ಕನ್ನಡ ಎಂದು ಬೆಳೆದ ಗಡಿನಾಡಿನ ಜನರಿಗೆ ಇದು ಅರ್ಥವಾಗದ ಮಾತಲ್ಲ.

"ನಮ್ಮ ಬಡವರಿಗೇ ಇಲ್ಲ, ಹೊರಗಿನವರಿಗೆ ಎಲ್ಲಿಂದ ತರೋಣ?" ಎಂಬ ಮಾತನ್ನು ದೇವಾಲಯದ ಅಂಗಳದಲ್ಲಿಯೂ ಕೇಳುತ್ತೇವೆ. ಹಾಗೆನ್ನುವವರು ಕೆಟ್ಟವರಲ್ಲ. ಕೃಷ್ಣೆಯ ಪ್ರವಾಹದಲ್ಲಿ ಮನೆ ಕಳೆದುಕೊಂಡವರು, ಪರಿಹಾರಕ್ಕೆ ಕಚೇರಿಗೆ ಅಲೆದವರು ನಮ್ಮಲ್ಲೇ ಇದ್ದಾರೆ. ಸರಕಾರಗಳು ಎಷ್ಟು ಜನರನ್ನು, ಯಾವ ಕ್ರಮದಲ್ಲಿ ಸೇರಿಸಿಕೊಳ್ಳಬೇಕೆಂಬುದು ಸುಲಭದ ಲೆಕ್ಕವಲ್ಲ, ಅದನ್ನು ಈ ಪುಟದಲ್ಲಿ ಬಿಡಿಸಲಾಗದು. ಆದರೆ ಅದೇ ಬಾಯಿಂದ ನಾವು ನಿರಾಶ್ರಿತ ಆಟಗಾರನ ಗೋಲಿಗ�� ಚಪ್ಪಾಳೆ ತಟ್ಟುತ್ತೇವಲ್ಲ! ಆಗ ಜಾಗದ ಕೊರತೆ ನೆನಪಾಗುವುದಿಲ್ಲ. ಕೊರತೆಯಿದ್ದರೆ ಎಲ್ಲರಿಗೂ ಇರಬೇಕು.

ಹೆರೋದನ ಕತ್ತಿಗೆ ಹೆದರಿ ರಾತ್ರೋರಾತ್ರಿ ಈಜಿಪ್ಟಿಗೆ ಓಡಿದ ಕುಟುಂಬವನ್ನು ನಾವು ಪ್ರತಿ ವರ್ಷ ಕ್ರಿಸ್ಮಸ್ ಮುಗಿಯುತ್ತಿದ್ದಂತೆ ನೆನೆಯುತ್ತೇವೆ. ಪೋಪ್ ಹನ್ನೆರಡನೆಯ ಪಯಸ್ 1952ರಲ್ಲಿ ವಲಸಿಗರ ಕುರಿತು ಹೊರಡಿಸಿದ ಪತ್ರದಲ್ಲಿ ಎಲ್ಲ ನಿರಾಶ್ರಿತ ಕುಟುಂಬಗಳಿಗೂ ಆ ಪವಿತ್ರ ಕುಟುಂಬವೇ ಮಾದರಿ ಎಂದರು. ಶುಭಸಂದೇಶದಲ್ಲಿ ಆ ಈಜಿಪ್ಟಿನ ದಿನಗಳ ಬಗ್ಗೆ ಏನಿದೆ ಎಂದು ಹುಡುಕಿದರೆ ಏನೂ ಇಲ್ಲ. ಜೋಸೆಫರು ಅಲ್ಲಿ ಎಂಥ ಬಡಗಿಯೆನಿಸಿಕೊಂಡರು, ಯಾರ ಮನೆಯ ಬಾಗಿಲು ಮಾಡಿದರು, ಬೀದಿಯವರು ಮರಿಯಮ್ಮನವರನ್ನು ಮಾತಾಡಿಸುತ್ತಿದ್ದರೋ ಇಲ್ಲವೋ ಒಂದೂ ತಿಳಿಯದು. ಹೋದರು, ಇದ್ದರು, ಹೆರೋದ ಸತ್ತ ಮೇಲೆ ಮರಳಿದರು. ಯಾರೋ ನೀರು ಕೊಟ್ಟಿರಬೇಕು, ಯಾರೋ ಜಾಗ ಕೊಟ್ಟಿರಬೇಕು. ಆ ಕೂಸು ಮುಂದೆ ಏನಾಗುವುದೆಂದು ಕೊಟ್ಟವರಿಗೆ ಗೊತ್ತಿರಲಿಲ್ಲ.

ನಮ್ಮ ಮನೆಗಳಿಗೆ ಈ ವಿಷಯ ದೂರದ್ದೆಂದು ತೋರಬಹುದು. ಹಾಗಿಲ್ಲ. ಧರ್ಮಕೇಂದ್ರಗಳ ನಡುವೆ ಆಟದ ಪಂದ್ಯ ಏರ್ಪಟ್ಟಾಗ ಗೆಲ್ಲುವ ಆಸೆಗೆ ಹೊರಗಿನಿಂದ ಒಳ್ಳೆಯ ಆಟಗಾರನನ್ನು ಕರೆತಂದು, ಅವನಿಗೆ ನಮ್ಮ ಅಂಗಿ ತೊಡಿಸಿ, ಹೊತ್ತು ಮೆರೆಸುವುದನ್ನು ಕಂಡಿದ್ದೇವೆ. ಕುಸ್ತಿಯ ತಾಲೀಮುಗಳೇ ಫುಟ್‌ಬಾಲ್ ತಂಡಗಳಾಗಿರುವ ಕೊಲ್ಹಾಪುರದಲ್ಲಿ ಆಫ್ರಿಕಾದಿಂದ ಬಂದ ಆಟಗಾರರೂ ಆಡುತ್ತಾರೆ. ಅಲ್ಲಿಯ ಒಂದು ತಂಡದ ಹೆಸರೇ ಖಂಡೋಬಾ ತಾಲೀಮು, ನಮ್ಮ ಮಂಗಸೂಳಿಯವರು ಕೇಳಿದರೆ ಹಿಗ್ಗಬಹುದು. ಪಂದ್ಯ ಮುಗಿದ ಸಂಜೆ ಅಂಥ ಆಟಗಾರರನ್ನು ಊಟಕ್ಕೆ ಕರೆಯುವ ಮನೆಗಳು ಎಷ್ಟು? ಅದೇ ಧರ್ಮಕೇಂದ್ರಕ್ಕೆ ದೂರದಿಂದ ಕೂಲಿಗೆ ಬಂದ ಕುಟುಂಬವೊಂದು ಭಾನುವಾರದ ಬಲಿಪೂಜೆಗೆ ಬಂದು ಹಿಂದಿನ ಸಾಲಿನಲ್ಲಿ ನಿಂತು ಹೋದರೆ ನಾವು ಹೆಸರಾದರೂ ಕೇಳುತ್ತೇವೆಯೇ?

ಉಗಾರದ ಸಕ್ಕರೆ ಕಾರ್ಖಾನೆಯ ಹಂಗಾಮು ಶುರುವಾದರೆ ಕಬ್ಬು ಕಡಿಯುವ ಗ್ಯಾಂಗುಗಳು ದೂರದ ಜಿಲ್ಲೆಗಳಿಂದ ಬಂದು ಊರ ಹೊರಗೆ ಗುಡಿಸಲು ಹಾಕಿಕೊಳ್ಳುತ್ತವೆ. ಅವರು ನಿರಾಶ್ರಿತರಲ್ಲ, ಅವರಿಗೆ ಊರಿದೆ. ಆದರೆ ಐದಾರು ತಿಂಗಳು ಅವರ ಮಕ್ಕಳಿಗೆ ಶಾಲೆಯೂ ಇಲ್ಲ, ಜೊತೆಗಾರರೂ ಇಲ್ಲ. ಸಂಜೆ ನಮ್ಮ ಹುಡುಗರು ಆಡುವ ಬಯಲಿನ ಅಂಚಿಗೆ ಒಬ್ಬನಾದರೂ ಬಂದು ನಿಲ್ಲುತ್ತಾನೆ. ಅವನಿಗೆ ಆಡಲು ಬರುತ್ತದೋ ಇಲ್ಲವೋ ಯಾರಿಗೂ ಗೊತ್ತಿಲ್ಲ. ಚೆಂಡು ಅವನ ಕಡೆ ಉರುಳಿದಾಗ ಅದನ್ನು ಹೇಗೆ ಒದೆಯುತ್ತಾನೆಂದು ನೋಡಿ ಆಮೇಲೆ ಕರೆಯುವ ಮಕ್ಕಳಿದ್ದಾರೆ. ನೋಡದೆಯೇ "ಬಾರೋ, ಗೋಲಿಗೆ ನಿಲ್ಲು" ಎಂದು ಕರೆಯುವವರೂ ಇದ್ದಾರೆ. ಅವನು ನಾಲ್ಕು ಗೋಲು ಬಿಟ್ಟುಕೊಟ್ಟಾನು. ಮರುದಿನ ಸಂಜೆಯೂ ಅವನನ್ನು ಕರೆಯುತ್ತಾರೋ ಇಲ್ಲವೋ, ಅದನ್ನು ಮನೆಯವರು ಕಟ್ಟೆಯ ಮೇಲೆ ಕುಳಿತು ಗಮನಿಸಬಹುದು.